ಮಗಳಿಗೆ ಕಾಮಿಡಿ ಸೀರಿಯಲ್‌ನಲ್ಲಿ ಪಾತ್ರ ಬಂದಿದೆ. ಹಿಂದಿನ ಆ ಮಕ್ಕಳೆಲ್ಲ ಆಮೇಲೆ ಏನಾದರು?

ಡೊಂಬಿವಲಿ_ಅಮ್ಮ

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಇದೆ, ಬೇಜಾರು ಮಾಡ್ಕೋಬೇಡಿ.

ನನ್ನ ಮಗಳಿಗೆ ಏಳು ವರ್ಷ. ಹೋದ ತಿಂಗಳು ಒಂದು ಕನ್ನಡ ಕಾರ್ಯಕ್ರಮದಲ್ಲಿ ಪುಟ್ಟ ನಾಟಕ ಮಾಡಿದ್ದಳು. ಮುಂದಿನ ಎರಡು ಹಲ್ಲು ಬಿದ್ದಿವೆ. 'ಸ' ಅನ್ನೋಕೆ ಹೋದರೆ ಬರೀ ಗಾಳಿ ಬರುತ್ತದೆ. ಸಭೆ ಪೂರ್ತಿ ನಕ್ಕಿತು. ಆ ವಿಡಿಯೋ ಯಾರೋ ಯಾರಿಗೋ ಕಳಿಸಿ, ಈಗ ಸೀರಿಯಲ್‌ಗಳಿಗೆ ಕಲಾವಿದರನ್ನು ಹುಡುಕಿಕೊಡುವ ಒಬ್ಬ ಕೋಆರ್ಡಿನೇಟರ್ ದಿನಕ್ಕೆ ಮೂರು ಸಲ ಫೋನ್ ಮಾಡುತ್ತಿದ್ದಾನೆ. ಹಿಂದಿ ಕಾಮಿಡಿ ಸೀರಿಯಲ್. ಕೂಡುಕುಟುಂಬದ ಕಥೆ, ಮನೆಯ ಕೊನೆಯ ಮಗಳ ಪಾತ್ರ. ಸೆಟ್ ನಾಯಗಾಂವ್‌ನಲ್ಲಿ, ತಿಂಗಳಿಗೆ 20 ದಿನ ಶೂಟಿಂಗ್. ಆರಾಮ್ ನಗರದಲ್ಲಿ ಆಡಿಷನ್ ಆಯಿತು, ಹೂಂ ಅಂದಿದ್ದಾರೆ. "ಹಲ್ಲು ಇಲ್ಲದ್ದೇ ಬೇಕು" ಅಂದರಂತೆ!

ಯಜಮಾನರು ಬೇಡ ಅನ್ನುತ್ತಾರೆ. ಅತ್ತೆ ಆಗಲೇ ಊರಿಗೆಲ್ಲ ಫೋನ್ ಮಾಡಿ ಹೇಳಿಯಾಗಿದೆ. ನನ್ನ ತಲೆಯಲ್ಲಿ ಓಡುತ್ತಿರೋದು ಬೇರೆ. ನಾವು ಚಿಕ್ಕವರಿದ್ದಾಗ ಟಿವಿಯಲ್ಲಿ ನೋಡಿದ ಮಕ್ಕಳೆಲ್ಲ ಆಮೇಲೆ ಏನಾದರು? ರೋಬೋಟ್ ಹುಡುಗಿ ವಿಕಿ ನೆನಪಿದೆಯಾ? ಅವಳನ್ನು ನೋಡಿ ನಾನೂ ಕೈಕಾಲು ಗಟ್ಟಿ ಮಾಡಿಕೊಂಡು ಮನೆಯೆಲ್ಲ ನಡೆಯುತ್ತಿದ್ದೆ. ಅವಳು ಎಲ್ಲಿ ಹೋದಳು?

ಮಾಟುಂಗಾ_ಮಾವ

ಬೇಡಮ್ಮಾ. ಅಷ್ಟೇ.

ಹರಟೆಮಲ್ಲ_ಪುಣೆ

ಮಾವ, ಕಾರಣನಾದರೂ ಹೇಳಿ.

ವಿಕಿ ಪಾತ್ರ ಮಾಡಿದವರು ಟಿಫನಿ ಬ್ರಿಸೆಟ್. 'ಸ್ಮಾಲ್ ವಂಡರ್' ಅಮೆರಿಕದಲ್ಲಿ 1985ರಿಂದ 1989ರವರೆಗೆ ಬಂತು, 96 ಕಂತು. ನಮಗೆ ಹಿಂದಿಗೆ ಡಬ್ ಆಗಿ ಎಷ್ಟೋ ವರ್ಷ ಆದ ಮೇಲೆ ಬಂದದ್ದು. ಶುರುವಾದಾಗ ಆ ಹುಡುಗಿಗೆ ಹತ್ತು. ಮುಗಿಯುವಾಗ ಹದಿನಾಲ್ಕು. ರೋಬೋಟ್ ಹೆಂಗೆ ಬೆಳೆಯುತ್ತದೆ ಹೇಳಿ! ಕೊನೆಗೆ ಕಥೆಯಲ್ಲಿ ಅಪ್ಪನೇ ಅವಳನ್ನು ಸ್ವಲ್ಪ ದೊಡ್ಡವಳ ಹಾಗೆ ಕಾಣುವಂತೆ ರಿಪೇರಿ ಮಾಡಿದ ಅಂತ ತೋರಿಸಿದರು. ಸೀರಿಯಲ್ ಮುಗಿದ ಮೇಲೆ ನಟನೆ ಬಿಟ್ಟು ಕಾಲೇಜಿಗೆ ಹೋದರು. ಕೊಲರಾಡೋದಲ್ಲಿ ನರ್ಸ್ ಆದರು.

ಪವಾಯಿ_ಪಡ್ಡೆ

ರೋಬೋಟಿಗೂ ವಯಸ್ಸಾಯಿತು. ಮಾವನ ಅಭಿಪ್ರಾಯ ಮಾತ್ರ 1985ರಲ್ಲಿ ಇದ್ದ ಹಾಗೇ ಇದೆ.

ಗೋರೆಗಾಂವ್_ಗೆಳತಿ

ಅಕ್ಕ, ನಮ್ಮ ದೇಶದ ವಿಕಿಯನ್ನು ಮರೆತಿರಾ? 2003-04ರಲ್ಲಿ ಸ್ಟಾರ್ ಪ್ಲಸ್‌ನಲ್ಲಿ 'ಕರಿಷ್ಮಾ ಕಾ ಕರಿಷ್ಮಾ' ಬರುತ್ತಿತ್ತು. ಅದೇ ಕಥೆಯ ಹಿಂದಿ ರೂಪ. ರೋಬೋಟ್ ಆಗಿದ್ದವಳು ಝನಕ್ ಶುಕ್ಲಾ. ಅದೇ 2003ರಲ್ಲಿ 'ಕಲ್ ಹೋ ನಾ ಹೋ' ಸಿನಿಮಾದಲ್ಲಿ ಪ್ರೀತಿ ಜಿಂಟಾ ತಂಗಿ ಜಿಯಾ ಆಗಿದ್ದಳಲ್ಲ, ಅದೇ ಹುಡುಗಿ. ಅವಳ ಅಮ್ಮ ಸುಪ್ರಿಯಾ ಶುಕ್ಲಾ ಕೂಡ ಸೀರಿಯಲ್ ನಟಿ. ಮನೆಯಲ್ಲೇ ದಾರಿ ಇತ್ತು. ಆದರೂ ಹದಿಹರೆಯದಲ್ಲೇ ನಟನೆ ಬಿಟ್ಟು, ಆಮೇಲೆ ಪುರಾತತ್ವ ಓದಿದಳು.

ನಾನು ಇದೇ ಲೈನ್‌ನಲ್ಲಿ ಇದ್ದೀನಿ, ಕಾಸ್ಟ್ಯೂಮ್ ವಿಭಾಗದಲ್ಲಿ. ನನ್ನ ಅನುಭವ ಸಂಜೆ ಬರೆಯುತ್ತೀನಿ, ಈಗ ಇಸ್ತ್ರಿ ಮಾಡಿಸಬೇಕು.

ಹುಬ್ಬಳ್ಳಿ_ಟು_ಚೆಂಬೂರ್

ಎಲ್ಲಾರೂ ಬಿಟ್ಟವರ ಕಥೀನೇ ಹೇಳ್ತೀರಿ. ಟಪ್ಪುವನ್ನು ನೋಡ್ರಿ. 'ತಾರಕ್ ಮೆಹ್ತಾ' 2008ರ ಜುಲೈನಲ್ಲಿ ಶುರುವಾದಾಗ ಭವ್ಯ ಗಾಂಧಿಗೆ ಹನ್ನೊಂದು. 2017ರವರೆಗೆ ಅದೇ ಪಾತ್ರ. ಬಿಟ್ಟ ಮೇಲೆ ಗುಜರಾತಿ ಸಿನಿಮಾ ಮಾಡಿದ, 2024ರಲ್ಲಿ ಇನ್ನೊಂದು ಸೀರಿಯಲ್‌ನಲ್ಲಿ ವಿಲನ್ ಪಾತ್ರವನ್ನೂ ಮಾಡಿದ. ಗೋಗಿ ಆಗಿದ್ದ ಸಮಯ್ ಶಾ ಅವನ ಸ್ವಂತ ಕಸಿನ್. ಹಾಳಾಗಿ ಹೋದರೇನು? ಇಲ್ಲ. ಸುಮ್ನೆ ಹೆದರಿಸಬೇಡ್ರಿ.

ಪವಾಯಿ_ಪಡ್ಡೆ

ಒಂದು ವಿಷಯ. 'ತಾರಕ್ ಮೆಹ್ತಾ'ದ ಗೋಕುಲಧಾಮ ಸೊಸೈಟಿಯಲ್ಲಿ ಗುಜರಾತಿ, ಮರಾಠಿ, ಪಂಜಾಬಿ, ಬಂಗಾಳಿ, ತಮಿಳಿನವರು ಎಲ್ಲ ಇದ್ದಾರೆ. ನೂರು ವರ್ಷದಿಂದ ಮುಂಬೈಗೆ ಇಡ್ಲಿ ತಿನ್ನಿಸುತ್ತಿರುವ ನಮಗೆ ಅಲ್ಲಿ ಒಂದು ಫ್ಲ್ಯಾಟ್ ಇಲ್ಲ.

ಹರಟೆಮಲ್ಲ_ಪುಣೆ

ಇದ್ದ ಒಬ್ಬ ತಮಿಳಿನ ಅಯ್ಯರ್ ಕೂಡ ತಮಿಳಿನವರಲ್ಲ. ತನುಜ್ ಮಹಾಶಬ್ದೆ, ಹೆಸರು ನೋಡಿದರೆ ಗೊತ್ತಾಗುವುದಿಲ್ಲವಾ?

ಹುಬ್ಬಳ್ಳಿ_ಟು_ಚೆಂಬೂರ್

ನಿಜವಾಗ್ಲೂ? ಹದಿನೈದು ವರ್ಷದಿಂದ ನಮ್ಮ ಮನೆಯವಳಿಗೆ "ನೋಡು ದಕ್ಷಿಣದವರು ಹೆಂಗ ಶಾಂತ ಇರ್ತಾರ" ಅಂತ ಅವನನ್ನೇ ತೋರಿಸುತ್ತಿದ್ದೆ.

ಮಾಟುಂಗಾ_ಮಾವ

ಹರಟೆಮಲ್ಲ, ಕಾರಣ ಕೇಳಿದಿರಲ್ಲ, ಕೂತು ಓದಿ.

ನಾನು 80ರ ದಶಕದಲ್ಲಿ ಹಡಗಿನಲ್ಲಿ ಕೆಲಸ ಮಾಡುತ್ತಿದ್ದೆ. ಅಮೆರಿಕದ ಬಂದರುಗಳಲ್ಲಿ ನಾವಿಕರು ಕೂರುವ ಕ್ಲಬ್‌ನಲ್ಲಿ ಟಿವಿ ಇರುತ್ತಿತ್ತು. ಅಲ್ಲಿ ಎಲ್ಲರೂ ಒಟ್ಟಿಗೆ ನಗುತ್ತಿದ್ದ ಒಂದು ಸೀರಿಯಲ್ 'ಡಿಫರೆಂಟ್ ಸ್ಟ್ರೋಕ್ಸ್'. ನ್ಯೂಯಾರ್ಕಿನ ಒಬ್ಬ ಶ್ರೀಮಂತ ಬಿಳಿಯ, ತನ್ನ ಮನೆಕೆಲಸದವಳು ಸತ್ತ ಮೇಲೆ ಅವಳ ಇಬ್ಬರು ಕಪ್ಪು ಮಕ್ಕಳನ್ನು ಸಾಕುವ ಕಥೆ. ಅದರಲ್ಲಿ ಸಣ್ಣವನು ಆರ್ನಾಲ್ಡ್. ಉಬ್ಬಿದ ಕೆನ್ನೆ. ಅವನು ಬಾಯಿ ತೆಗೆದರೆ ಸಾಕು, ಇಂಗ್ಲಿಷ್ ಬಾರದ ಫಿಲಿಪೀನ್ಸ್‌ನವರೂ ನಗುತ್ತಿದ್ದರು. ನಿಜವಾದ ಹೆಸರು ಗ್ಯಾರಿ ಕೋಲ್‌ಮನ್. 1978ರಲ್ಲಿ ಶುರುವಾದಾಗ ಅವನಿಗೆ ಹತ್ತು. ಎಂಟು ಸೀಸನ್, 1986ರವರೆಗೆ.

ಆ ಮಗುವಿಗೆ ಹುಟ್ಟಿನಿಂದಲೇ ಕಿಡ್ನಿ ರೋಗ. ಸೀರಿಯಲ್‌ಗೆ ಮುಂಚೆಯೇ ಒಂದು ಸಲ ಕಿಡ್ನಿ ಬದಲಾಯಿಸಿದ್ದರು, 1984ರಲ್ಲಿ ಇನ್ನೊಂದು ಸಲ. ರೋಗಕ್ಕೂ ಔಷಧಿಗೂ ಸೇರಿ ಬೆಳವಣಿಗೆ ನಿಂತಿತು. 4 ಅಡಿ 8 ಇಂಚು, ಅಷ್ಟೇ. ನಾವು ನೋಡಿ ನಗುತ್ತಿದ್ದ ಆ ಕೆನ್ನೆ, ಆ ಕುಳ್ಳ ಮೈ ಎಲ್ಲ ಕಾಯಿಲೆಯ ಕೊಡುಗೆ. ಹದಿನೆಂಟು ತುಂಬಿದವನಿಗೂ ಮಗುವಿನ ಪಾತ್ರ ಮಾಡಿಸಿದರು.

ದುಡ್ಡು? ಜನಪ್ರಿಯತೆ ತುದಿಯಲ್ಲಿದ್ದಾಗ ಕಂತಿಗೆ ಲಕ್ಷ ಡಾಲರ್ ಅಂತ ಆಗ ಪೇಪರ್‌ನಲ್ಲೇ ಬರುತ್ತಿತ್ತು. 1989ರಲ್ಲಿ ಅವನೇ ಹೆತ್ತವರ ಮೇಲೆ, ದುಡ್ಡು ನೋಡಿಕೊಳ್ಳುತ್ತಿದ್ದವನ ಮೇಲೆ ಕೇಸು ಹಾಕಿದ. 1993ರಲ್ಲಿ ಸುಮಾರು 12.8 ಲಕ್ಷ ಡಾಲರ್ ಕೊಡಿ ಅಂತ ಕೋರ್ಟು ಹೇಳಿತು. ಅದೂ ನಿಲ್ಲಲಿಲ್ಲ. 1999ರಲ್ಲಿ ದಿವಾಳಿ ಅರ್ಜಿ. ನಡುವೆ ಸೆಕ್ಯುರಿಟಿ ಗಾರ್ಡ್ ಕೆಲಸ. ಆಟೋಗ್ರಾಫ್ ಕೇಳಿದ ಒಬ್ಬ ಹೆಂಗಸಿನ ಜೊತೆ ಕೈಗೆ ಕೈ ಹತ್ತಿ ಅದೂ ಕೋರ್ಟಿಗೆ ಹೋಯಿತು. 2010ರಲ್ಲಿ ಮನೆಯಲ್ಲಿ ಬಿದ್ದು ತಲೆಗೆ ಪೆಟ್ಟಾಗಿ ಸತ್ತ. 42 ವರ್ಷ.

ನನಗೆ ಈಗ 71. ಆ ಕ್ಲಬ್‌ನಲ್ಲಿ ನಕ್ಕದ್ದು ನೆನಪಾದರೆ ಒಂಥರಾ ಆಗುತ್ತದೆ. ಅದಕ್ಕೇ ಬೇಡ ಅಂದೆ.

ಲೆಕ್ಕದವ_ಠಾಣೆ

ಮಾವ, ಒಂದು ಬಿಟ್ಟಿರಿ. 2003ರಲ್ಲಿ ಕ್ಯಾಲಿಫೋರ್ನಿಯಾ ಗವರ್ನರ್ ಚುನಾವಣೆಗೆ ಗ್ಯಾರಿ ನಿಂತಿದ್ದ. 135 ಜನ ನಿಂತಿದ್ದರಲ್ಲಿ ಎಂಟನೇ ಸ್ಥಾನ, 14,242 ವೋಟು. ಗೆದ್ದವನು ಆರ್ನಾಲ್ಡ್ ಶ್ವಾರ್ಜ್‌ನೆಗರ್.

ಪವಾಯಿ_ಪಡ್ಡೆ

ಆರ್ನಾಲ್ಡ್ ವಿರುದ್ಧ ಆರ್ನಾಲ್ಡ್!! ಮಾವ, ಈಗ ನಿಮ್ಮ ಬಗ್ಗೆ ಗೌರವ ಜಾಸ್ತಿ ಆಯಿತು. ಹಡಗಿನ ಕಥೆಗೆ ಬೇರೆ ಚರ್ಚೆ ಶುರು ಮಾಡಿ.

ಲೆಕ್ಕದವ_ಠಾಣೆ

ಇನ್ನೂ ಹಳೆಯದು ಬೇಕಾದರೆ ಜ್ಯಾಕಿ ಕೂಗನ್. 1921ರಲ್ಲಿ ಚಾಪ್ಲಿನ್ ಜೊತೆ 'ದಿ ಕಿಡ್'ನಲ್ಲಿ ಇದ್ದ ಆ ಪುಟ್ಟ ಹುಡುಗ. ಮಗುವಾಗಿದ್ದಾಗಲೇ 30-40 ಲಕ್ಷ ಡಾಲರ್ ದುಡಿದಿದ್ದ. ದೊಡ್ಡವನಾಗಿ ಕೇಳಿದರೆ ಅಮ್ಮ, ಮಲತಂದೆ ಎಲ್ಲ ಖರ್ಚು ಮಾಡಿ ಮುಗಿಸಿದ್ದರು. 1938ರಲ್ಲಿ ಕೇಸು ಹಾಕಿದ, ಕೈಗೆ ಬಂದದ್ದು 1.26 ಲಕ್ಷ. ಆ ಗಲಾಟೆಯಿಂದಲೇ 1939ರಲ್ಲಿ ಕ್ಯಾಲಿಫೋರ್ನಿಯಾದಲ್ಲಿ ಬಾಲ ಕಲಾವಿದರ ದುಡ್ಡಿಗೆ ಕಾನೂನು ಬಂತು. ಈಗಲೂ ಅಲ್ಲಿ 15% ಬೇರೆ ಖಾತೆಗೆ ಹೋಗಬೇಕು. ವಿಚಿತ್ರ ಅಂದರೆ, ಅದೇ ಕೂಗನ್ 60ರ ದಶಕದಲ್ಲಿ ಬೋಳುತಲೆ ಮಾಮನಾಗಿ 'ದಿ ಆಡಮ್ಸ್ ಫ್ಯಾಮಿಲಿ' ಕಾಮಿಡಿ ಸೀರಿಯಲ್‌ನಲ್ಲಿ ನಗಿಸಿದ.

ಡೊಂಬಿವಲಿ_ಅಮ್ಮ

ಇದನ್ನೆಲ್ಲ ಯಜಮಾನರಿಗೆ ಓದಿ ಹೇಳಿದರೆ ನನ್ನ ಕಡೆ ನೋಡಿ "ಮಲತಂದೆ ಬೇಕಿಲ್ಲ, ನಿನ್ನ ಅತ್ತೆ ಸಾಕು" ಅಂದರು. ಅವರ ಅಮ್ಮನೇ ನೆನಪಿರಲಿ.

ಮಡಗಾಂವ್_ಮಾಮಿ

ನಮ್ಮ ಮಾಸ್ಟರ್ ಮಂಜುನಾಥ್‌ನನ್ನು ಯಾಕೆ ಯಾರೂ ಹೇಳಲಿಲ್ಲ ಮಾರಾಯ್ರೆ? 'ಮಾಲ್ಗುಡಿ ಡೇಸ್'ನ ಸ್ವಾಮಿ! ಆಗುಂಬೆಯಲ್ಲಿ ಶೂಟಿಂಗ್. ಟೋಪಿ ಹಾಕಿಕೊಂಡು ಓಡುವ ಆ ಹುಡುಗನನ್ನು ಮರೆಯೋಕೆ ಸಾಧ್ಯವಾ? ಎಷ್ಟು ಚಂದದ ಕನ್ನಡ ಸೀರಿಯಲ್.

ಹರಟೆಮಲ್ಲ_ಪುಣೆ

ಮಾಮಿ, ಅದು ಕನ್ನಡ ಸೀರಿಯಲ್ ಅಲ್ಲ. ಮಾಡಿದವರು ನಮ್ಮ ಶಂಕರ್ ನಾಗ್, ನಟರಲ್ಲಿ ತುಂಬ ಜನ ನಮ್ಮವರು, ಊರು ನಮ್ಮದು. ಭಾಷೆ ಮಾತ್ರ ಹಿಂದಿ ಮತ್ತು ಇಂಗ್ಲಿಷ್. ಕಾಮಿಡಿ ಸೀರಿಯಲ್ಲೂ ಅಲ್ಲ.

ಮಡಗಾಂವ್_ಮಾಮಿ

ನಾನು ನಕ್ಕಿದ್ದೇನೆ. ನನಗೆ ಕಾಮಿಡಿಯೇ. ಕನ್ನಡದಲ್ಲೇ ಕೇಳಿದ ಹಾಗೆ ನೆನಪು, ಬಿಡಿ.

ಹುಬ್ಬಳ್ಳಿ_ಟು_ಚೆಂಬೂರ್

1990ರ 'ಅಗ್ನಿಪಥ್'ನಲ್ಲಿ ಸಣ್ಣ ಅಮಿತಾಭ್ ಆಗಿದ್ದವನೂ ಅದೇ ಮಂಜುನಾಥ್. ಹತ್ತೊಂಬತ್ತಕ್ಕೆ ನಟನೆ ಬಿಟ್ಟು ಓದಿದರು, ಆಮೇಲೆ ಬೆಂಗಳೂರಿನಲ್ಲಿ ಸಾರ್ವಜನಿಕ ಸಂಪರ್ಕದ ಕೆಲಸ. ಕನ್ನಡದ್ದೇ ಕಾಮಿಡಿ ಸೀರಿಯಲ್ ಬೇಕು ಅಂದ್ರೆ 'ಪಾಪ ಪಾಂಡು'. ಅದರಲ್ಲಿದ್ದ ಮಾಸ್ಟರ್ ಕಿಶನ್ ಒಂಬತ್ತು ವರ್ಷಕ್ಕೆ ಸಿನಿಮಾನೇ ನಿರ್ದೇಶನ ಮಾಡಿದ. 'ಕೇರ್ ಆಫ್ ಫುಟ್‌ಪಾತ್', 2006. ಜಾಕಿ ಶ್ರಾಫ್‌ಗೆ ಆಕ್ಷನ್, ಕಟ್ ಹೇಳಿದ ಹುಡುಗ! ಗಿನ್ನೆಸ್ ದಾಖಲೆ, ರಾಷ್ಟ್ರಪ್ರಶಸ್ತಿ ಎರಡೂ ಬಂತು. ಮಾವನ ಗ್ಯಾರಿಗೆ ನನ್ನ ಕಿಶನ್ ಉತ್ತರ.

ಮಾಟುಂಗಾ_ಮಾವ

ಒಬ್ಬ ಕಿಶನ್. ಮಿಕ್ಕವರು?

ಗೋರೆಗಾಂವ್_ಗೆಳತಿ

ಬಂದೆ. ಅಕ್ಕ, ಯಾರು ಏನಾದರು ಅನ್ನೋದು ಆಮೇಲೆ. ಮೊದಲು ಈ ಪ್ರಶ್ನೆಗಳನ್ನು ಕೋಆರ್ಡಿನೇಟರ್‌ಗೆ ಕೇಳಿ.

2017ರಿಂದ ಕೇಂದ್ರದ ನಿಯಮ ಇದೆ. ಮಗುವಿಗೆ ದಿನಕ್ಕೆ ಐದು ಗಂಟೆಗಿಂತ ಜಾಸ್ತಿ ಕೆಲಸ ಇಲ್ಲ. ಮೂರು ಗಂಟೆ ಆದ ಮೇಲೆ ವಿಶ್ರಾಂತಿ ಕೊಡಲೇಬೇಕು. ಒಂದೇ ಸಮನೆ 27 ದಿನಕ್ಕಿಂತ ಹೆಚ್ಚು ಕರೆಯುವಂತಿಲ್ಲ. ಶೂಟಿಂಗ್ ನಡೆಯುವ ಜಿಲ್ಲೆಯ ಕಲೆಕ್ಟರ್ ಕಡೆಯಿಂದ ಪ್ರೊಡ್ಯೂಸರ್ ಅನುಮತಿ ತಗೊಳ್ಳಬೇಕು, ಅದು ಆರು ತಿಂಗಳಷ್ಟೇ ನಡೆಯುತ್ತದೆ. ನಿಮ್ಮ ಮನೆ ಠಾಣೆ ಜಿಲ್ಲೆ ಇರಬಹುದು, ಆದರೆ ನಾಯಗಾಂವ್ ಪಾಲ್ಘರ್ ಜಿಲ್ಲೆ. ಹಾಗಾಗಿ ಪಾಲ್ಘರ್ ಕಲೆಕ್ಟರ್ ಅನುಮತಿ ಕೇಳಿ. ಐದು ಮಕ್ಕಳಿಗೆ ಒಬ್ಬರಾದರೂ ನೋಡಿಕೊಳ್ಳುವ ಜವಾಬ್ದಾರಿಯವರು ಸೆಟ್‌ನಲ್ಲಿ ಇರಬೇಕು. ಶಾಲೆ ತಪ್ಪದ ಹಾಗೆ ವ್ಯವಸ್ಥೆ ಮಾಡಬೇಕು. ಸಂಪಾದನೆಯಲ್ಲಿ ಕಡಿಮೆ ಅಂದರೂ 20% ಮಗುವಿನ ಹೆಸರಲ್ಲಿ ರಾಷ್ಟ್ರೀಕೃತ ಬ್ಯಾಂಕಿನ ಎಫ್‌ಡಿಗೆ ನೇರವಾಗಿ ಹೋಗಬೇಕು. ಮಗು ಒಲ್ಲೆ ಅಂದರೆ ಮಾಡಿಸುವ ಹಾಗೇ ಇಲ್ಲ.

ಇದು ಕಾಗದ. ಸೆಟ್‌ನಲ್ಲಿ ನಾನು ನೋಡಿದ್ದು ಬೇರೆ. ಐದು ಗಂಟೆ ಅಂದರೆ ಅವರ ಲೆಕ್ಕದಲ್ಲಿ ಕ್ಯಾಮೆರಾ ಮುಂದೆ ನಿಂತ ಹೊತ್ತು. ಮೇಕಪ್ ಹಾಕಿಕೊಂಡು ಕಾಯೋದು ಲೆಕ್ಕಕ್ಕಿಲ್ಲ. ಮಳೆಗಾಲದಲ್ಲಿ ಒಂದು ದಿನ, ದೊಡ್ಡ ನಟರೊಬ್ಬರು ಟ್ರಾಫಿಕ್‌ನಲ್ಲಿ ಸಿಕ್ಕಿಕೊಂಡು, ಲೆಹೆಂಗಾ ಹಾಕಿದ ಪುಟ್ಟ ಹುಡುಗಿ ನನ್ನ ಬಟ್ಟೆ ಗಂಟಿನ ಮೇಲೇ ನಿದ್ದೆ ಹೋದಳು. "ಎಬ್ಬಿಸಬೇಡಿ, ಲೆಹೆಂಗಾ ಮಡಿಕೆ ಬೀಳುತ್ತದೆ" ಅಂದರು. ಮಗು ಮಲಗಿದೆ ಅಂತ ಅಲ್ಲ. ಲೆಹೆಂಗಾ.

ಎಲ್ಲ ಸೆಟ್ಟೂ ಹೀಗೆ ಅಂತಲ್ಲ. ಈಗಿನ ಸೆಟ್‌ನಲ್ಲಿ ಮಕ್ಕಳಿಗೆ ಬೇರೆ ರೂಮ್ ಇದೆ, ಟೀಚರ್ ಬರುತ್ತಾರೆ, ಆರು ಗಂಟೆ ಆದರೆ ಡೈರೆಕ್ಟರೇ ಮನೆಗೆ ಕಳಿಸುತ್ತಾರೆ. ಕೇಳಿ ತಿಳಿದುಕೊಂಡು ಹೋಗಿ.

ಲೆಕ್ಕದವ_ಠಾಣೆ

ದುಡ್ಡಿನ ವಿಷಯ ನನ್ನದು. ಮಕ್ಕಳ ಆದಾಯ ಸಾಮಾನ್ಯವಾಗಿ ಅಪ್ಪ ಅಮ್ಮನ ಆದಾಯಕ್ಕೆ ಸೇರುತ್ತದೆ. ಆದರೆ ಮಗು ತನ್ನ ಪ್ರತಿಭೆಯಿಂದ ದುಡಿದದ್ದು ಮಗುವಿನದೇ. ಮಗುವಿಗೆ ಪ್ಯಾನ್ ಕಾರ್ಡ್ ಮಾಡಿಸಿ. ಟಿಡಿಎಸ್, ಅಂದರೆ ತೆರಿಗೆ, ಮೊದಲೇ ಹಿಡಿದೇ ಕೊಡುತ್ತಾರೆ, ರಿಟರ್ನ್ ಹಾಕಿದರೆ ವಾಪಸ್ ಬರಬಹುದು. ತಮಾಷೆ ನೋಡಿ, ಅದೇ ದುಡ್ಡನ್ನು ಎಫ್‌ಡಿ ಇಟ್ಟರೆ ಬರುವ ಬಡ್ಡಿ ಪ್ರತಿಭೆಯ ದುಡಿಮೆ ಅಲ್ಲ. ಅದು ಅಪ್ಪನ ಅಥವಾ ಅಮ್ಮನ, ಯಾರ ಆದಾಯ ಜಾಸ್ತಿಯೋ ಅವರ ತಲೆಗೆ.

ಇನ್ನೊಂದು, ಕೆಲಸ ಮಾಡಿ 90 ದಿನ ಆದ ಮೇಲೆ ಪೇಮೆಂಟ್ ಅನ್ನುತ್ತಾರೆ. ಕೋಆರ್ಡಿನೇಟರ್ ಕಮಿಷನ್ ಎಷ್ಟು ಅಂತ ಮೊದಲೇ ಬರೆಸಿಕೊಳ್ಳಿ. ಬಾಯಿಮಾತು ನಂಬಬೇಡಿ.

ಮೀರಾರೋಡ್_ಮೇಷ್ಟ್ರು

ನನ್ನ ತರಗತಿಯಲ್ಲಿ ಒಬ್ಬ ಇದ್ದ. ಜಾಹೀರಾತು, ಸೀರಿಯಲ್ ಎಲ್ಲ ಮಾಡುತ್ತಿದ್ದ. ಪರೀಕ್ಷೆಗೆ ಕಣ್ಣಿಗೆ ಕಾಡಿಗೆ ಅಳಿಸದೇ ಬಂದು ಕೂರುತ್ತಿದ್ದ. ಪಾಠ ಬೇಗ ಕಲಿಯುತ್ತಿದ್ದ, ಅದರಲ್ಲಿ ಎರಡು ಮಾತಿಲ್ಲ. ಡೈಲಾಗ್ ಬಾಯಿಪಾಠ ಮಾಡಿ ಮಾಡಿ ಒಂದು ಪುಟ ಎರಡು ಸಲ ಓದಿದರೆ ಸಾಕು. ಮರುದಿನ ಕೇಳಿದರೆ ಒಂದು ಸಾಲು ನೆನಪಿಲ್ಲ. "ಸರ್, ಆ ಸೀನ್ ಮುಗೀತಲ್ಲ" ಅನ್ನುತ್ತಿದ್ದ.

ನಾಲ್ಕನೇ_ಹುಡುಗ

ಇಷ್ಟು ದಿನ ಬರೀ ಓದುತ್ತಿದ್ದೆ. ಮೇಷ್ಟ್ರ ಕೊನೆಯ ಸಾಲು ನೋಡಿ ಬರೆಯೋಣ ಅನ್ನಿಸಿತು.

ನನ್ನ ಹೆಸರು ಹೇಳಲ್ಲ, ಸೀರಿಯಲ್ ಹೆಸರೂ ಬೇಡ. 90ರ ದಶಕದ ಕೊನೆ. ವಾರಕ್ಕೊಂದು ಕಂತಿನ ಕಾಮಿಡಿ. ಆ ಮನೆಯಲ್ಲಿ ನಾನು ನಾಲ್ಕನೇ ಹುಡುಗ. ಏಳು ವರ್ಷದಿಂದ ಹನ್ನೊಂದರವರೆಗೆ ಮಾಡಿದೆ. ಅಪ್ಪ ಘಾಟ್ಕೋಪರ್‌ನ ಒಂದು ಉಡುಪಿ ಹೋಟೆಲಿನಲ್ಲಿ ಗಲ್ಲಾದಲ್ಲಿ ಕೂರುತ್ತಿದ್ದರು. ಶಾಲೆ ಬಿಟ್ಟ ಮೇಲೆ ನಾನು ಅಲ್ಲೇ ಇರುತ್ತಿದ್ದೆ. ವೇಟರ್‌ಗಳ ಹಾಗೆ "ಏಕ್ ಮಸಾಲಾ, ದೋ ಇಡ್ಲಿ, ಸಾಂಬಾರ್ ಅಲಗ್" ಅಂತ ಕೂಗುತ್ತಿದ್ದೆ. ಊಟಕ್ಕೆ ಬರುತ್ತಿದ್ದ ಒಬ್ಬ ಪ್ರೊಡಕ್ಷನ್‌ನವರು ಅದನ್ನು ನೋಡಿ ಕರೆದುಕೊಂಡು ಹೋದರು.

ಕಾಮಿಡಿ ಸೀರಿಯಲ್ ಮಾಡುವ ಜಾಗದಲ್ಲಿ ಯಾರೂ ನಗುವುದಿಲ್ಲ, ಇದು ನಿಮಗೆ ಗೊತ್ತಾ? ಸೌಂಡ್ ಹಾಳಾಗುತ್ತದೆ ಅಂತ. ನಾನು ಜೋಕ್ ಹೇಳಿದರೆ ಮೂವತ್ತು ಜನ ಉಸಿರು ಬಿಗಿಹಿಡಿದು ನನ್ನನ್ನೇ ನೋಡುತ್ತಿರುತ್ತಾರೆ. ಆಮೇಲೆ "ಓಕೆ, ನೆಕ್ಸ್ಟ್" ಅನ್ನುತ್ತಾರೆ. ನಗು ಎಲ್ಲ ಆಮೇಲೆ ಸೇರಿಸೋದು. ಜೋಕ್ ಹೇಳಿ ಎರಡು ಸೆಕೆಂಡ್ ಸುಮ್ಮನೆ ನಿಲ್ಲಬೇಕು, ನಗುವಿಗೆ ಜಾಗ ಬಿಡಬೇಕು ಅಂತ ಕಲಿಸಿದ್ದರು. ಅರ್ಧ ಜೋಕು ನನಗೆ ಅರ್ಥವೇ ಆಗುತ್ತಿರಲಿಲ್ಲ. ಭಾನುವಾರ ಟಿವಿಯಲ್ಲಿ ನೂರಾರು ಜನ ನಕ್ಕಾಗ, ಇವರೆಲ್ಲ ಆ ದಿನ ಎಲ್ಲಿದ್ದರು ಅಂತ ಅಮ್ಮನನ್ನು ಕೇಳಿದ್ದೆ. ಶಾಲೆಯಲ್ಲೂ ಏನಾದರೂ ಹೇಳಿ ಎರಡು ಸೆಕೆಂಡ್ ನಿಲ್ಲುತ್ತಿದ್ದೆ. ಈಗಲೂ ನಿಲ್ಲುತ್ತೀನಂತೆ. ಹೆಂಡತಿ "ನಗಬೇಕಾ?" ಅಂತ ಕೇಳುತ್ತಾಳೆ.

ಅಕ್ಕ, ಹಲ್ಲು ಅಂದಿರಲ್ಲ. ಒಂದು ಕಂತಿನ ನಡುವೆ ನನ್ನ ಮುಂದಿನ ಹಲ್ಲು ಬಿತ್ತು. ಅರ್ಧ ಸೀನ್‌ನಲ್ಲಿ ಹಲ್ಲು ಇದೆ, ಇನ್ನರ್ಧದಲ್ಲಿ ಇಲ್ಲ. ಕಂಟಿನ್ಯುಯಿಟಿ ಹೋಯಿತು ಅಂತ ದೊಡ್ಡ ಗಲಾಟೆ. ಡೆಂಟಿಸ್ಟ್ ಹತ್ತಿರ ಕರೆದುಕೊಂಡು ಹೋಗಿ ಒಂದು ಪ್ಲಾಸ್ಟಿಕ್ ಹಲ್ಲು ಮಾಡಿಸಿದರು. ಅದು ಬಿದ್ದುಹೋಗುತ್ತದೆ ಅಂತ ನಾನು ಏನನ್ನೂ ಕಚ್ಚುವಂತಿಲ್ಲ. ಎಲ್ಲರೂ ವಡಾಪಾವ್ ತಿನ್ನುವಾಗ ನನಗೆ ಹಾಲಲ್ಲಿ ಅದ್ದಿದ ಬಿಸ್ಕತ್ತು. ಮುಂದಿನ ಹಲ್ಲು ಅಲುಗಾಡೋಕೆ ಶುರುವಾದಾಗ ನಾನು ಯಾರಿಗೂ ಹೇಳಲಿಲ್ಲ. ಕಳ್ಳನ ಹಾಗೆ ನಾಲಿಗೆಯಲ್ಲಿ ಒತ್ತಿ ಹಿಡಿದುಕೊಂಡು ಎರಡು ವಾರ ಕಳೆದೆ. ಬೆಳೆಯುವುದು ತಪ್ಪು ಅನ್ನಿಸುತ್ತಿತ್ತು.

ಆಮೇಲೆ ಬೆಳೆದೆ. ಹನ್ನೊಂದಕ್ಕೆ ಉದ್ದ ಆದೆ, ದನಿ ಒರಟಾಯಿತು. ಒಂದು ದಿನ ಅಸಿಸ್ಟೆಂಟ್ ಡೈರೆಕ್ಟರ್ ಬಂದು ಆ ದಿನದ ಸೀನ್ ಓದಿ ಹೇಳಿದ. ನಾನು ಪಂಚಗನಿಯ ಬೋರ್ಡಿಂಗ್ ಶಾಲೆಗೆ ಹೊರಟಿದ್ದೀನಿ, ಟಿವಿ ಅಮ್ಮ ಅಳಬೇಕು. ಪಾಪ, ಅವರು ನಿಜವಾಗಿಯೂ ಅತ್ತರು. ನಾನು ಖುಷಿಯಲ್ಲಿದ್ದೆ. ಮನೆಗೆ ಹೋಗುವಾಗ ರಿಕ್ಷಾದಲ್ಲಿ ಅಪ್ಪನನ್ನು ಕೇಳಿದೆ, "ಪಂಚಗನಿ ಶೂಟಿಂಗ್ ಯಾವಾಗ?" ಅಪ್ಪ ಏನೂ ಹೇಳಲಿಲ್ಲ. ಮುಂದಿನ ತಿಂಗಳು ಕಾಲ್ ಬರಲಿಲ್ಲ. ಅದರ ಮುಂದಿನ ತಿಂಗಳೂ ಇಲ್ಲ. ನಾನು ಬ್ಯಾಗ್ ರೆಡಿ ಇಟ್ಟುಕೊಂಡಿದ್ದೆ, ಸ್ವೆಟರ್ ಹಾಕಿ. ಕಥೆಯಲ್ಲಿ ಮತ್ತೆ ಯಾರೂ ನನ್ನ ಹೆಸರು ಎತ್ತಲಿಲ್ಲ. ದೀಪಾವಳಿ ಕಂತಿನಲ್ಲೂ ಆ ಹುಡುಗ ರಜೆಗೆ ಮನೆಗೆ ಬರಲಿಲ್ಲ. ಕೊನೆಯ ಮೂರು ತಿಂಗಳ ದುಡ್ಡೂ ಬರಲಿಲ್ಲ, ಕೋಆರ್ಡಿನೇಟರ್ ಫೋನ್ ಎತ್ತುವುದನ್ನೇ ಬಿಟ್ಟ.

ಮುಂದಿನದು ಸಾದಾ. ಹತ್ತನೇ ಕ್ಲಾಸ್, ಬಿಕಾಂ. ಈಗ ನ್ಹಾವಾ ಶೇವಾ ಬಂದರಿನಲ್ಲಿ ಕ್ಲಿಯರಿಂಗ್ ಕೆಲಸ. ಕಂಟೇನರ್, ಬಿಲ್, ಕಸ್ಟಮ್ಸ್. ಚೆನ್ನಾಗಿದ್ದೀನಿ. ನನ್ನನ್ನು ನೋಡಿ ಪಾಪ ಅನ್ನಬೇಕಾಗಿಲ್ಲ.

ಮಡಗಾಂವ್_ಮಾಮಿ

ಅಯ್ಯೋ ಮಗಾ. ಆ ಸ್ವೆಟರ್.

ಹುಬ್ಬಳ್ಳಿ_ಟು_ಚೆಂಬೂರ್

ಬೇಜಾರಾಗಬೇಡಪ್ಪ ತಮ್ಮಾ, ಒಂದು ನೇರ ಮಾತು. ನಾಲ್ಕು ವರ್ಷ ದುಡಿದಿ. ಆ ದುಡ್ಡು ಎಲ್ಲಿ ಹೋಯಿತು? ನಿಮ್ಮಪ್ಪನೂ ಕೂಗನ್ ಅಮ್ಮನ ಹಂಗೇ ಮಾಡಿದರೇನು?

ಗೋರೆಗಾಂವ್_ಗೆಳತಿ

ಚೆಂಬೂರ್ ಅಣ್ಣ, ಇದು ಕೇಳೋ ಪ್ರಶ್ನೆನಾ?

ಹುಬ್ಬಳ್ಳಿ_ಟು_ಚೆಂಬೂರ್

ಅವರೇ ಕಥೀ ಹೇಳಿದ್ದಾರ, ಕೇಳಿದೆ. ಆ ಅಕ್ಕಗೂ ಇದೇ ಉತ್ತರ ಬೇಕಾಗಿರೋದು.

ನಾಲ್ಕನೇ_ಹುಡುಗ

ಕೇಳಲಿ ಬಿಡಿ, ತಪ್ಪಿಲ್ಲ.

ನಮ್ಮ ಕಾಲದಲ್ಲಿ ಈ 20% ಎಲ್ಲ ಇರಲಿಲ್ಲ. ಚೆಕ್ ಅಪ್ಪನ ಹೆಸರಿಗೇ ಬರುತ್ತಿತ್ತು. ಆ ದುಡ್ಡಿನಿಂದಲೇ ಚಾಳಿನ ಖೋಲಿ ಬಿಟ್ಟು ಡೊಂಬಿವಲಿಯಲ್ಲಿ ಒಂದು ರೂಮ್-ಕಿಚನ್ ತಗೊಂಡೆವು. ಅಕ್ಕನ ಮದುವೆಗೂ ಸ್ವಲ್ಪ ಹೋಯಿತು. ನನಗೆ ಇದು ಯಾರೂ ಹೇಳಿರಲಿಲ್ಲ. ಮೂವತ್ತನೇ ವಯಸ್ಸಿನಲ್ಲಿ ಅಪ್ಪನ ಕಪಾಟು ಖಾಲಿ ಮಾಡುವಾಗ ಒಂದು ಹಳೇ ಹೋಟೆಲ್ ಲೆಕ್ಕದ ಪುಸ್ತಕ ಸಿಕ್ಕಿತು. ಮೇಲೆ 'ಮಗನದು' ಅಂತ ಬರೆದಿತ್ತು. ಒಳಗೆ ಪ್ರತಿ ಚೆಕ್ಕು, ತಾರೀಖು, ಎಲ್ಲಿಗೆ ಖರ್ಚಾಯಿತು, ಎಲ್ಲ ಇದೆ. ರಿಕ್ಷಾ 14 ರೂಪಾಯಿ ಅಂತ ಕೂಡ. ಪ್ಲಾಸ್ಟಿಕ್ ಹಲ್ಲಿನ ದುಡ್ಡು ಪ್ರೊಡಕ್ಷನ್‌ನವರು ನಮ್ಮಿಂದಲೇ ಹಿಡಿದಿದ್ದರು ಅಂತ ಅವತ್ತು ಗೊತ್ತಾಯಿತು! ಕೊನೆಯ ಪುಟದಲ್ಲಿ ಬರಬೇಕಾದ ಮೂರು ತಿಂಗಳ ಮೊತ್ತ ಬರೆದು ಮುಂದೆ ಖಾಲಿ ಬಿಟ್ಟಿದ್ದರು.

ಅವರು ಕಾರು ತಗೊಂಡಿಲ್ಲ, ಕುಡಿದಿಲ್ಲ. ಅದೇ ಮನೆಯಲ್ಲಿ ನಾನೂ ಬೆಳೆದೆ. ಹಾಗಂತ ನನ್ನನ್ನು ಒಂದು ಮಾತು ಕೇಳಲೂ ಇಲ್ಲ. ಸಿಟ್ಟು ಮಾಡಿಕೊಳ್ಳೋಣ ಅಂತ ಪುಸ್ತಕ ತಗೊಂಡು ಅವರ ಮುಂದೆ ಕೂತೆ. ಅವರು ಕನ್ನಡಕ ಹಾಕಿಕೊಂಡು "ಟೋಟಲ್ ಸರಿ ಇದೆಯಾ ನೋಡು" ಅಂದರು. ಇನ್ನೇನು ಸಿಟ್ಟು.

ಲೆಕ್ಕದವ_ಠಾಣೆ

ಸರಿ ಇತ್ತಾ?

ನಾಲ್ಕನೇ_ಹುಡುಗ

40 ರೂಪಾಯಿ ವ್ಯತ್ಯಾಸ ಇತ್ತು. ಕೊಟ್ಟರು.

ಮಾಟುಂಗಾ_ಮಾವ

ನಿಮ್ಮ ಅಪ್ಪನಿಗೆ ನನ್ನ ನಮಸ್ಕಾರ ಹೇಳಿ. ಆದರೂ ನನ್ನ ಉತ್ತರ ಬೇಡ ಅಂತಲೇ.

ಹರಟೆಮಲ್ಲ_ಪುಣೆ

ಮಾವ, ನೀವು ಹೇಳಿದ ಗ್ಯಾರಿಯೂ ಹಾಗೆ ನೋಡಿದರೆ ಮೊದಲಿನಿಂದಲೇ ಕಾಯಿಲೆಯ ಮಗು. ಸೀರಿಯಲ್ ಇಲ್ಲದಿದ್ದರೆ ಆಸ್ಪತ್ರೆ ಖರ್ಚು ಹೇಗೆ ನಡೆಯುತ್ತಿತ್ತೋ? ಟಿಫನಿ ನರ್ಸ್ ಆದದ್ದನ್ನು ಎಲ್ಲ ಕಡೆ "ಅಯ್ಯೋ, ಈಗ ನರ್ಸ್" ಅಂತ ಬರೆಯುತ್ತಾರೆ. ನರ್ಸ್ ಆಗೋದು ಬೀಳೋದಾ? ಸೀರಿಯಲ್ ಮುಗಿದರೆ ಜೀವನ ಮುಗಿಯಿತು ಅಂತ ಅಂದುಕೊಂಡಿರೋದು ನಾವು.

ಮಾಟುಂಗಾ_ಮಾವ

ನರ್ಸ್ ಬಗ್ಗೆ ನಾನು ಏನೂ ಹೇಳಿಲ್ಲ. ನನ್ನ ಹೆಂಡತಿಯೇ ನರ್ಸ್ ಆಗಿದ್ದಳು.

ಪವಾಯಿ_ಪಡ್ಡೆ

ನಾಲ್ಕನೇ ಹುಡುಗ ಅಣ್ಣ, ಯಾವ ಸೀರಿಯಲ್ ಅಂತ ಒಂದು ಸಣ್ಣ ಸುಳಿವು ಕೊಡಿ. ಮೊದಲ ಅಕ್ಷರ ಸಾಕು.

ನಾಲ್ಕನೇ_ಹುಡುಗ

ಎರಡು ಸೆಕೆಂಡ್ ನಿಂತೆ. ನಗಲಿಲ್ಲ ನೀವು.

ಮೀರಾರೋಡ್_ಮೇಷ್ಟ್ರು

ಡೊಂಬಿವಲಿ ಅಮ್ಮ, ಏನಾಯಿತು? ನಾಲ್ಕು ದಿನದಿಂದ ಸುದ್ದಿ ಇಲ್ಲ.

ಡೊಂಬಿವಲಿ_ಅಮ್ಮ

ಎಲ್ಲರಿಗೂ ಥ್ಯಾಂಕ್ಸ್. ಗೆಳತಿ ಹೇಳಿದ ಪ್ರಶ್ನೆಗಳನ್ನು ಬರೆದುಕೊಂಡು ಫೋನ್ ಮಾಡಿದೆ. ಪಾಲ್ಘರ್ ಕಲೆಕ್ಟರ್ ಅನುಮತಿ ಅಂದ ತಕ್ಷಣ ಆ ಮನುಷ್ಯ "ಮೇಡಂ, ಅದೆಲ್ಲ ಪ್ರೊಡಕ್ಷನ್ ನೋಡಿಕೊಳ್ಳುತ್ತೆ, ನೀವು ಮಗು ಕಳಿಸಿ" ಅಂದ. ಎಫ್‌ಡಿ ಅಂದೆ. "ಮೊದಲು ಟೆಲಿಕಾಸ್ಟ್ ಆಗಲಿ" ಅಂದ. ಎಲ್ಲ ಕಾಗದದಲ್ಲಿ ಕೊಡಿ ಅಂದೆ. ನಾಳೆ ಅಂದ. ನಾಳೆ ಫೋನ್ ಎತ್ತಲಿಲ್ಲ. ನಾಡಿದ್ದು ಮೆಸೇಜ್ ಬಂತು, ಪಾತ್ರ ಬೇರೆ ಮಗುವಿಗೆ ಹೋಗಿದೆ ಅಂತ.

ಯಜಮಾನರು ಏನೂ ಮಾತಾಡಲಿಲ್ಲ, ಬರೀ ಚಹಾ ಮಾಡಿಕೊಟ್ಟರು. ಅತ್ತೆ ಮಾತ್ರ ಊರಿಗೆ ಫೋನ್ ಮಾಡಿ "ನಾವೇ ಬೇಡ ಅಂದೆವು" ಅಂತ ಹೇಳುತ್ತಿದ್ದಾರೆ. ನಿಜ ಹೇಳಲಾ? ನನಗೂ ಒಂದು ಕಡೆ ಬೇಜಾರಾಯಿತು. ನಾಲ್ಕು ದಿನ ಟಿವಿಯಲ್ಲಿ ಅವಳನ್ನು ನೋಡುತ್ತಿದ್ದ ಹಾಗೆ ಕನಸು ಕಂಡಿದ್ದೆ.

ಗೋರೆಗಾಂವ್_ಗೆಳತಿ

ಕಾಗದ ಕೇಳಿದ್ದಕ್ಕೆ ಓಡಿಹೋದವನು ದುಡ್ಡು ಕೇಳಿದಾಗ ನಿಲ್ಲುತ್ತಿದ್ದನಾ ಅಕ್ಕ? ಒಳ್ಳೆ ಸೆಟ್‌ನಿಂದ ಕರೆ ಬಂದರೆ ನಾನೇ ಹೇಳುತ್ತೀನಿ.

ಮಾಟುಂಗಾ_ಮಾವ

ಗೆಳತಿ, ನೀವು ಸುಮ್ಮನಿರಿ.

ನಾಲ್ಕನೇ_ಹುಡುಗ

ಮಗಳಿಗೆ ಹೇಳಿದಿರಾ ಅಕ್ಕ? ಯಾವಾಗ ಶೂಟಿಂಗ್ ಅಂತ ಕಾಯುತ್ತಿರುತ್ತಾಳೆ. ದಯವಿಟ್ಟು ಹೇಳಿಬಿಡಿ.

ಡೊಂಬಿವಲಿ_ಅಮ್ಮ

ನಿಮ್ಮ ಸ್ವೆಟರ್ ನೆನಪಾಗಿ ಅವತ್ತೇ ರಾತ್ರಿ ಕೂರಿಸಿಕೊಂಡು ಹೇಳಿದೆ. ಹತ್ತು ನಿಮಿಷ ಅತ್ತಳು. ಆಮೇಲೆ ಕಣ್ಣು ಒರೆಸಿಕೊಂಡು, ಆ ಇನ್ನೊಂದು ಹುಡುಗಿಗೆ ಎಷ್ಟು ಹಲ್ಲು ಬಿದ್ದಿದೆ ಅಂತ ಕೇಳಿದಳು.